ಪಂಕ್ತಿಭೇದವಿಲ್ಲದ ಪೀಠ: ಆರಾಧನೆಯೂ ಎಳೆಯರ ಪ್ರಶ್ನೆಗಳೂ

ಮನುಷ್ಯರಲ್ಲಿರುವ ಬಣ್ಣ, ನುಡಿ, ಅಂಗಸ್ಥಿತಿಗಳ ವ್ಯತ್ಯಾಸವನ್ನು ಎಳೆಯ ಮಗು ಬಲು ಬೇಗ ಗುರುತಿಸುತ್ತದೆ. ಅದರಲ್ಲಿ ಮೇಲು ಕೀಳೆಣಿಸುವುದನ್ನು ಮಾತ್ರ ಹಿರಿಯರಿಂದ ಕಲಿಯುತ್ತದೆ. ಹೀಗೆ ಕಲಿಯುವ ತಾಣಗಳಲ್ಲಿ ದೇವಾಲಯವೂ ಒಂದೆಂಬುದನ್ನು ಶತಮಾನೋತ್ಸವದ ಈ ಶುಭಸಂದರ್ಭದಲ್ಲಿ ನಾವು ನೆನೆಯುವುದು ಯುಕ್ತ.

ಸಭೆಗೆ ಬಂದ ಸಿರಿವಂತನಿಗೆ ಆಸನವನ್ನೂ ಬಡವನಿಗೆ ಕಾಲ ಬಳಿಯ ನೆಲವನ್ನೂ ತೋರಿಸುವ ನಡತೆಯನ್ನು ಸಂತ ಯಾಕೋಬರ ಪತ್ರ ಆದಿಯಲ್ಲೇ ಖಂಡಿಸಿತು. ಆದರೂ ನಮ್ಮ ನಾಡಿನಲ್ಲಿ ಜಾತಿಯ ಕಟ್ಟು ಸುಲಭವಾಗಿ ಸಡಿಲಲಿಲ್ಲ. 17ನೆಯ ಶತಮಾನದ ಮಧ್ಯದಲ್ಲಿ ಯೇಸುಸಭೆಯ ಲಿಯೊನಾರ್ಡೊ ಚಿನ್ನಮಿ ಸ್ವಾಮಿಗಳು ಶ್ರೀರಂಗಪಟ್ಟಣದಲ್ಲಿ ಮೈಸೂರು ಮಿಷನ್ನಿಗೆ ಅಡಿಪಾಯ ಹಾಕಿದರು. ದೇಶಾಚಾರವನ್ನು ಅನುಸರಿಸಿದ ಅಂದಿನ ಗುರುಗಳು ಜಾತಿಯನ್ನೂ ಸಹಿಸಿಕೊಂಡರು. ಈ ಆಚಾರಗಳ ವಿವಾದವನ್ನು 1744ರಲ್ಲಿ ಜಗದ್ಗುರು 14ನೆಯ ಬೆನೆಡಿಕ್ಟರು ಇತ್ಯರ್ಥಗೊಳಿಸಿದಾಗಲೂ, ಅಸ್ಪೃಶ್ಯರೆನಿಸಿದವರ ಸೇವೆಗೆಂದು ಪ್ರತ್ಯೇಕ ಗುರುಗಳನ್ನು ನೇಮಿಸುವ ಏರ್ಪಾಡು ಒಪ್ಪಿತವಾಯಿತು. ನೆರೆಯ ತಮಿಳುನಾಡಿನ ವಡಕ್ಕನ್‌ಕುಳಂನಲ್ಲಿ 1872ರಲ್ಲಿ ಎರಡು ಜಾತಿಗಳಿಗೆ ಎರಡು ಅಂಕಣಗಳಿದ್ದು ಪೀಠವೊಂದೇ ಆಗಿದ್ದ ದೇವಾಲಯ ಎದ್ದಿತು. ನಡುವಿನ ಗೋಡೆ ಬಿದ್ದದ್ದು 1910ರಲ್ಲಿ. ಆ ಗೋಡೆಯ ಬದಿಯಲ್ಲಿ ಬೆಳೆದ ಕಂದಮ್ಮಗಳಿಗೆ ಭೇದವನ್ನು ಬಾಯಿಬಿಟ್ಟು ಬೋಧಿಸುವ ಅಗತ್ಯವೇ ಇರಲಿಲ್ಲ.

ಅದೇ 1910ರಲ್ಲಿ ಜಗದ್ಗುರು 10ನೆಯ ಪಯಸ್‌ರವರು, ತಿಳಿವು ಮೂಡುವ ಸುಮಾರು ಏಳನೆಯ ವಯಸ್ಸಿನಲ್ಲೇ ಮಕ್ಕಳಿಗೆ ಪರಮಪ್ರಸಾದ ದೊರೆಯಬೇಕೆಂದು ವಿಧಿಸಿದರು. 1963ರಲ್ಲಿ ದ್ವಿತೀಯ ವ್ಯಾಟಿಕನ್ ಮಹಾಸಭೆ ಪೂಜೆಗೆ ತಾಯ್ನುಡಿಯ ಬಾಗಿಲು ತೆರೆಯಿತು. 1969ರಲ್ಲಿ ಭಾರತದ ದೇವಾಲಯಗಳಲ್ಲಿ ನೆಲದ ಮೇಲೆ ಕುಳಿತು ಆರಾಧಿಸಲೂ ಕೈಜೋಡಿಸಿ ಶಾಂತಿ ಕೋರಲೂ ಅನುಮತಿ ದೊರೆಯಿತು. 1973ರಲ್ಲಿ ಮಕ್ಕಳೊಡನೆ ಅರ್ಪಿಸುವ ಪೂಜೆಗೆಂದೇ ರೋಮಿನಿಂದ ನಿರ್ದೇಶಿಕೆ ಬಂದಿತು. ಆದರೂ ರೋಗ ಪೂರ್ತಿ ವಾಸಿಯಾಗಲಿಲ್ಲ: ಧರ್ಮಸಭೆಯೊಳಗೂ ಅಸ್ಪೃಶ್ಯತೆ ಉಳಿದಿದೆಯೆಂದು ಭಾರತದ ಕಥೋಲಿಕ ಧರ್ಮಾಧ್ಯಕ್ಷರೇ 2016ರ ದಲಿತ ಸಬಲೀಕರಣ ನೀತಿಯಲ್ಲಿ ಒಪ್ಪಿಕೊಂಡರು. ಜಾತಿ ನೋಡದೆ ಎಲ್ಲರೊಡನೆ ಬೆರೆತ ದೇವಸಹಾಯಂರವರು 2022ರಲ್ಲಿ ಸಂತಪದವಿಗೇರಿದ್ದು ಈ ಕಾರಣದಿಂದಲೂ ನಮಗೆ ಅರ್ಥಪೂರ್ಣ.

ಮಾಗಡಿ ರಸ್ತೆಯ ಬ್ಯಾಡರಹಳ್ಳಿಯ ಹೆಸರೇ ಬೇಡರ ಕುಲವನ್ನು ನೆನಪಿಸುತ್ತದೆ. ಇಂದು ಅಲ್ಲಿ ಹಲವು ಊರುಗಳಿಂದ ಬಂದ, ಹಲವು ನುಡಿಗಳ ಜನ ನೆಲೆಸಿದ್ದಾರೆ. ಇಂಥ ನೆರೆಹೊರೆಯಲ್ಲಿ ಮಕ್ಕಳು ಪ್ರಶ್ನೆ ಕೇಳುವುದು ಸಹಜ. ಗೋದಲಿಯ ಮುಂದೆ ನಿಂತು, “ಈ ರಾಯರು ಮಾತ್ರ ಯಾಕಮ್ಮ ಕಪ್ಪಗಿದ್ದಾರೆ?” ಎನ್ನುವ ಮಗುವಿಗೆ “ಸುಮ್ಮನಿರು” ಎಂದು ಗದರಿದರೆ, ಕಪ್ಪು ಬಣ್ಣ ನಾಚಿಕೆಯ ಸಂಗತಿಯೆಂದು ಅದು ತಿಳಿದೀತು. ಲೋಕದ ನಾನಾ ಭಾಗಗಳ ಜನ ಬಾಲಯೇಸುವನ್ನು ಕಾಣಬಂದರೆಂದು ತೋರಿಸಲು ಯೂರೋಪಿನ ಚಿತ್ರಕಾರರು 15ನೆಯ ಶತಮಾನದಿಂದ ಒಬ್ಬ ರಾಯರನ್ನು ಕಪ್ಪಾಗಿ ಚಿತ್ರಿಸುವುದನ್ನು ರೂಢಿಗೆ ತಂದರು. ಇಷ್ಟನ್ನೇ ಸರಳವಾಗಿ ಹೇಳಿದರೆ ಸಾಕು. ಗಾಲಿಕುರ್ಚಿಯಲ್ಲಿ ಬಂದವರನ್ನು ಕಂಡು ಕೇಳಿದರೆ, “ಅವರಿಗೆ ನಡೆಯುವುದು ಕಷ್ಟ ಕಂದ, ಹೋಗಿ ನಮಸ್ಕಾರ ಹೇಳು” ಎನ್ನೋಣ.

ಉಪದೇಶಕ್ಕಿಂತ ನಡತೆ ಮಿಗಿಲು. ಶಾಂತಿ ಕೋರುವಾಗ ನಾವು ಯಾರತ್ತ ತಿರುಗುತ್ತೇವೆ, ಯಾರ ಪಕ್ಕದಲ್ಲಿ ಕೂರಲು ಹಿಂಜರಿಯುತ್ತೇವೆ ಎಂಬುದನ್ನು ಮಕ್ಕಳು ಗಮನಿಸುತ್ತಿರುತ್ತಾರೆ. ಪಂಕ್ತಿಭೇದವಿಲ್ಲದ ಪೀಠವನ್ನು ಅವರಿಗೆ ಬಿಟ್ಟುಹೋಗುವ ಕೃಪೆಯನ್ನು ಪ್ರಭು ನಮಗೆ ದಯಪಾಲಿಸಲಿ.