ಪುರಂದರಗಡದ ಜರ್ಮನ್ನರು

ಪುಣೆ ಕನ್ನಡಿಗರಿಗೆ ಪುರಂದರಗಡ ಎಂದರೆ ಮೊದಲು ನೆನಪಾಗುವುದು ಪುರಂದರದಾಸರು. ದಾಸರು ಹುಟ್ಟಿದ್ದು ಇಲ್ಲೇ ಎಂಬ ನಂಬಿಕೆ ಹಳೆಯದು. ಅಲ್ಲ, ತೀರ್ಥಹಳ್ಳಿ ಬಳಿಯ ಆರಗ ಎನ್ನುವವರೂ ಇದ್ದಾರೆ. ಆ ಜಗಳ ಇರಲಿ. ಮರಾಠಿಗರಿಗೆ ಇದು 1657ರಲ್ಲಿ ಸಂಭಾಜಿ ಹುಟ್ಟಿದ ಕೋಟೆ. ಆದರೆ ಎರಡನೇ ಮಹಾಯುದ್ಧದ ಕಾಲದಲ್ಲಿ ಬ್ರಿಟಿಷರು ಇಲ್ಲಿ ಜರ್ಮನ್ ಸಂಸಾರಗಳನ್ನು ಇರಿಸಿದ್ದರು ಎಂಬುದು ಅಲ್ಲಿಗೆ ಟ್ರೆಕಿಂಗ್ ಹೋಗುವವರಲ್ಲಿ ಎಷ್ಟು ಜನಕ್ಕೆ ಗೊತ್ತೋ!

ಹಿಟ್ಲರನಿಂದ ತಪ್ಪಿಸಿಕೊಂಡು ಬಂದ ಯಹೂದ್ಯರೂ ಅವರಲ್ಲಿದ್ದರು. ಕಾಗದದಲ್ಲಿ ಅವರೂ ಜರ್ಮನ್ನರೇ ತಾನೇ? ಬ್ಯಾಂಕಿನ ಅರ್ಜಿ ನೋಡಿ ನೋಡಿ ಕಣ್ಣು ಸವೆದ ನನಗೆ ಇದು ಚೆನ್ನಾಗಿ ಅರ್ಥವಾಗುತ್ತದೆ: 'ರಾಷ್ಟ್ರೀಯತೆ' ಎಂಬ ಕಾಲಮ್ಮಿನಲ್ಲಿ ಒಂದೇ ಪದಕ್ಕೆ ಜಾಗ. ಬರೋಡ ಮ್ಯೂಸಿಯಮ್ಮಿನ ಕಲಾ ಇತಿಹಾಸಕಾರ ಹರ್ಮನ್ ಗೋಟ್ಸ್ ಕೂಡ ಇಲ್ಲಿ ಬಂಧಿಯಾಗಿದ್ದರು. ಅವರು ಸುಮ್ಮನೆ ಕೂರದೆ ಕೋಟೆಯನ್ನೇ ಅಧ್ಯಯನ ಮಾಡಿ, ಮುಂದೆ ಅದರ ಬಗ್ಗೆ ಬರೆದರು.

ಇದಕ್ಕೆ ಪೂರ್ತಿ ತಿರುವುಮುರುವು ಫ್ರಾಂಜ್ ಓಸ್ಟೆನ್. ಬಾಂಬೆ ಟಾಕೀಸಿನಲ್ಲಿ ಹಿಂದಿ ಬಾರದೆಯೇ ಹಿಂದಿ ಚಿತ್ರಗಳನ್ನು ನಿರ್ದೇಶಿಸಿದವರು. ಅಸ್ಪೃಶ್ಯತೆಯ ವಿರುದ್ಧದ 'ಅಛೂತ್ ಕನ್ಯಾ' (1936) ಅವರದೇ. ಅದರ ನಾಯಕಿ ದೇವಿಕಾ ರಾಣಿ, ಮುಂದೆ ನಮ್ಮ ಬೆಂಗಳೂರಿನ ತಾತಗುಣಿಯಲ್ಲಿ ನೆಲೆಸಿದವರು. ಅದೇ 1936ರಲ್ಲಿ ಓಸ್ಟೆನ್ ನಾಜಿ ಪಕ್ಷದ ಸದಸ್ಯರೂ ಆದರು! ಚಿತ್ರ ಒಳ್ಳೆಯದು ಎಂದು ಇದನ್ನು ಮುಚ್ಚಿಡುವುದು ನನಗೆ ಸರಿ ಕಾಣುವುದಿಲ್ಲ. ಇದಕ್ಕಾಗಿ ಚಿತ್ರವನ್ನೇ ಬದಿಗಿಡುವುದೂ ಅಷ್ಟೇ. 1939ರಲ್ಲಿ ಅವರ ಬಂಧನವಾಯಿತು, ಬಳಿಕ ಜರ್ಮನಿಗೆ ಮರಳಿದರು.

ನನ್ನನ್ನು ಹೆಚ್ಚು ಕಾಡುವವರು ಪಾಲ್ ಜಿಲ್ಸ್. ಬರ್ಲಿನ್ನಿನ ಊಫಾ ಕಂಪನಿಯಲ್ಲಿ ಪಳಗಿದ ಇವರೂ ಯುದ್ಧಕಾಲದಲ್ಲಿ ಭಾರತದಲ್ಲಿ ಬಂಧಿ, ಆದರೆ ಪುರಂದರದಲ್ಲಲ್ಲ. 1945ರಲ್ಲಿ ಬಿಡುಗಡೆಯಾದ ಮೇಲೆ ಅವರನ್ನು ಕೆಲಸಕ್ಕೆ ತೆಗೆದುಕೊಂಡದ್ದು ಇನ್‌ಫರ್ಮೇಶನ್ ಫಿಲ್ಮ್ಸ್ ಆಫ್ ಇಂಡಿಯಾ, ಅಂದರೆ ಬ್ರಿಟಿಷ್ ಸರ್ಕಾರದ್ದೇ ಸಾಕ್ಷ್ಯಚಿತ್ರ ವಿಭಾಗ! ಮುಂದೆ ಮುಂಬಯಿಯಲ್ಲೇ ನಿಂತು ಬಿಹಾರದ ಒರಾವ್ ಬುಡಕಟ್ಟಿನ ಬಗ್ಗೆ, ಮಲಬಾರಿನ ಯುದ್ಧನೃತ್ಯಗಳ ಬಗ್ಗೆ ಸಾಕ್ಷ್ಯಚಿತ್ರ ತೆಗೆದರು. 'ಹಿಂದೂಸ್ತಾನ್ ಹಮಾರಾ' (1950) ಎಂಬ ಹೆಸರಿನ ಚಿತ್ರವನ್ನೂ ಮಾಡಿದರು. ಯಾರ ಹಿಂದೂಸ್ತಾನ, ನೋಡಿ! 1956ರಲ್ಲಿ ಸಾಕ್ಷ್ಯಚಿತ್ರ ನಿರ್ಮಾಪಕರ ಸಂಘ ಕಟ್ಟಿದವರಲ್ಲೂ ಇವರಿದ್ದರು. ಐವತ್ತರ ದಶಕದ ಕೊನೆಗೆ ಜರ್ಮನಿಗೆ ಹಿಂತಿರುಗಿದರು.

ಹಿಂತಿರುಗದೆ ಉಳಿದವರು ಓಸ್ಟೆನ್‌ರ ಕ್ಯಾಮೆರಾಮನ್ ಜೋಸೆಫ್ ವಿರ್ಶಿಂಗ್. ಇವರೂ ಬಂಧನದಲ್ಲಿದ್ದು ಬಂದವರೇ. 'ಮಹಲ್' ಇವರ ಕೈಚಳಕ. 'ಪಾಕೀಜಾ' ಚಿತ್ರೀಕರಣ ಮುಗಿಯುವ ಮೊದಲೇ, 1967ರಲ್ಲಿ ತೀರಿಕೊಂಡರು. 1972ರಲ್ಲಿ ಚಿತ್ರ ತೆರೆಗೆ ಬಂದಾಗ ಛಾಯಾಗ್ರಹಣಕ್ಕೆ ಇವರ ಹೆಸರೇ ಇತ್ತು.