ಸೆರೆಮನೆಯ ಸಾಕ್ಷ್ಯ

ನಡೆದುದನ್ನು ನಡೆದಂತೆ ತೆರೆಯ ಮೇಲೆ ತೋರಿಸುವ ಚಿತ್ರಕ್ಕೆ ಕನ್ನಡದಲ್ಲಿ ಸಾಕ್ಷ್ಯಚಿತ್ರವೆಂಬ ಹೆಸರು ರೂಢವಾಗಿದೆ. ಈ ಹೆಸರು ಅನ್ವರ್ಥವಾದುದಕ್ಕೆ ಅಮೆರಿಕದ ಕ್ಯಾಲಿಫೋರ್ನಿಯ ಸಂಸ್ಥಾನದ ವೃತ್ತಾಂತವೊಂದು ಉತ್ತಮ ನಿದರ್ಶನ.

ಗಂಡನನ್ನು ಕೊಂದಳೆಂಬ ಆರೋಪಕ್ಕೆ ಗುರಿಯಾದ ಹೆಂಗಸು ವರ್ಷಗಟ್ಟಲೆ ಅವನ ಕೈಯಲ್ಲಿ ಪೆಟ್ಟು ತಿಂದವಳಾಗಿದ್ದರೂ, ಆ ಸಂಗತಿಯ ಮಹತ್ತ್ವವು ಅಲ್ಲಿಯ ಜೂರಿಯವರಿಗೆ ಬಹುಕಾಲ ಮನದಟ್ಟಾಗುತ್ತಿರಲಿಲ್ಲ. ಅಷ್ಟು ಹಿಂಸೆಯಿದ್ದರೆ ಮನೆ ಬಿಟ್ಟು ಏಕೆ ಹೋಗಲಿಲ್ಲವೆಂಬ ಪ್ರಶ್ನೆಯೊಂದೇ ಅವಳ ಬಾಯಿ ಕಟ್ಟುತ್ತಿತ್ತು. ಪ್ರಾಣಭಯ, ಮಕ್ಕಳ ಚಿಂತೆ, ಕೈಯಲ್ಲಿ ಕಾಸಿಲ್ಲದ ಪರಾಧೀನತೆ ಇವುಗಳು ಹೆಣ್ಣನ್ನು ಹೇಗೆ ಕಟ್ಟಿಹಾಕುತ್ತವೆಂಬುದನ್ನು ವಿವರಿಸುವ ತಜ್ಞರ ಸಾಕ್ಷ್ಯಕ್ಕೆ ಶಾಸನದಲ್ಲಿ ಸ್ಥಾನ ದೊರೆತುದು 1992ರಲ್ಲಿ. ಅದಕ್ಕೆ ಮೊದಲೇ ಶಿಕ್ಷೆ ಹೊಂದಿದವರಿಗೆ ಅದರಿಂದ ಒಡನೆ ಪ್ರಯೋಜನವಾಗಲಿಲ್ಲ.

ಅಂತಹವರಲ್ಲಿ ಒಬ್ಬಳಾದ ಬ್ರೆಂಡಾ ಕ್ಲುಬೈನ್ 1989ರಲ್ಲಿ, ತಾನಿದ್ದ ಸ್ತ್ರೀ ಕಾರಾಗೃಹದೊಳಗೇ ಸಂಘವೊಂದನ್ನು ಸ್ಥಾಪಿಸಿದಳು. ತಮ್ಮ ಮನೆಯ ಗುಟ್ಟೆಂದು ನುಂಗಿಕೊಂಡಿದ್ದ ಸಂಕಟವನ್ನು ಆ ಸೆರೆಯಾಳುಗಳು ಅಲ್ಲಿ ಒಬ್ಬರಿಗೊಬ್ಬರು ಹೇಳಿಕೊಂಡರು. ಹಳೆಯ ಮೊಕದ್ದಮೆಗಳನ್ನು ಮರಳಿ ಪರಿಶೀಲಿಸುವಂತೆ ಕೋರಲು 2002ರಲ್ಲಿ ಅವಕಾಶ ದೊರೆಯಿತು. ಆದರೆ ಬಾಗಿಲು ಇಕ್ಕಟ್ಟಾಗಿತ್ತು. ಬಿಡುಗಡೆಯನ್ನು ವಿಚಾರಿಸುವ ಮಂಡಲಿಯ ಮುಂದೆ ತಾನು ತಿಂದ ಪೆಟ್ಟಿನ ಮಾತೆತ್ತಿದರೆ, ಇವಳಿಗೆ ತನ್ನ ಅಪರಾಧದ ಅರಿವಿಲ್ಲವೆಂದು ಎಣಿಸುವ ಅಪಾಯವಿತ್ತು. ನಿಜವನ್ನು ಹೇಳುವುದೇ ಸೆರೆಯನ್ನು ಬೆಳೆಸಬಹುದಾಗಿತ್ತು.

ಒಲಿವಿಯಾ ಕ್ಲಾಸ್ ಎಂಬಾಕೆ ಈ ಸಂಘದ ಸ್ತ್ರೀಯರ ಬಾಯಿಂದಲೇ ಅವರ ಕಥನವನ್ನು ಸಂಗ್ರಹಿಸಿ, 2009ರಲ್ಲಿ ‘ಸಿನ್ ಬೈ ಸೈಲೆನ್ಸ್’ ಎಂಬ ಚಿತ್ರವನ್ನು ಹೊರತಂದಳು. ಮೌನದಿಂದಾಗುವ ಪಾಪವೆಂಬುದು ಆ ಹೆಸರಿನ ಭಾವ. ಚಿತ್ರದಿಂದ ಪ್ರೇರಣೆ ಹೊಂದಿ, ಶಾಸನಸಭೆಯ ಸದಸ್ಯೆ ಫಿಯೋನಾ ಮಾ ಎರಡು ಮಸೂದೆಗಳನ್ನು ಮಂಡಿಸಿದಳು. ಅವಕ್ಕೆ ಚಿತ್ರದ ಹೆಸರೇ ರೂಢಿಗೆ ಬಂದಿತು. 2012ರ ಸೆಪ್ಟೆಂಬರ್ 30ರಂದು ಗವರ್ನರ್ ಜೆರಿ ಬ್ರೌನ್ ಅವುಗಳಿಗೆ ಅಂಕಿತ ಹಾಕಿದನು. ವಿಚಾರಣೆಯಲ್ಲಿ ತಜ್ಞರ ಸಾಕ್ಷ್ಯವು ತಕ್ಕಷ್ಟು ಮಂಡಿತವಾಗಿರದಿದ್ದವರಿಗೆ ಮರಳಿ ನ್ಯಾಯ ಕೇಳುವ ದಾರಿಯನ್ನು ಮೊದಲನೆಯದು ತೆರೆಯಿತು. ಎರಡನೆಯದು ಇನ್ನೂ ಸೂಕ್ಷ್ಮವಾದುದು: ಬಿಡುಗಡೆಯ ಮಂಡಲಿಯು ಇಂತಹ ಹಿಂಸೆಯ ಪುರಾವೆಗೆ ಹೆಚ್ಚಿನ ಬೆಲೆ ಕೊಡಬೇಕು, ಆ ಪುರಾವೆಯನ್ನು ಒಪ್ಪಿಸಿದುದನ್ನೇ ಅರಿವಿಲ್ಲದಿರುವುದಕ್ಕೆ ಗುರುತೆಂದು ಹಿಡಿಯಬಾರದು.

ಕೊಲೆಯು ಕೊಲೆಯಲ್ಲವೆಂದು ಈ ಶಾಸನಗಳು ಹೇಳುವುದಿಲ್ಲ; ಸೆರೆಯ ಬಾಗಿಲನ್ನು ತಾವಾಗಿ ತೆರೆಯುವುದೂ ಇಲ್ಲ. ಎಲ್ಲ ಕೀರ್ತಿಯೂ ಚಿತ್ರಕ್ಕೆ ಸಲ್ಲತಕ್ಕದ್ದಲ್ಲ. ಕ್ಯಾಮರಾ ಒಳಗೆ ಬರುವುದಕ್ಕೆ ಬಹು ಮೊದಲೇ ಆ ಸ್ತ್ರೀಯರು ಮಾತನಾಡತೊಡಗಿದ್ದರು. ಆದರೆ ಗೋಡೆಯೊಳಗೇ ಉಳಿದಿದ್ದ ಆ ಮಾತನ್ನು ಶಾಸನಕರ್ತರ ಕಿವಿಗೆ ಮುಟ್ಟಿಸಿದ ಪುಣ್ಯ ಚಿತ್ರದ್ದು. ಕೇಳದೆ ಕೊಟ್ಟ ತೀರ್ಪು ಅರೆ ತೀರ್ಪು; ಉಳಿದರ್ಧವನ್ನು ಕೇಳಿಸುವುದಕ್ಕೆ ಸಾಕ್ಷ್ಯವೆಂಬ ಹೆಸರು ಸಲ್ಲುತ್ತದೆ.