ಅಗೆದವರು ಎಲ್ಲಿ?

ಯೂರೋಪಿನ ವಯಸ್ಕರ ಸಿನಿಮಾ ಪ್ರಾಚೀನ ಈಜಿಪ್ಟಿನಿಂದ ಎತ್ತಿಕೊಂಡದ್ದು ಎರಡೇ: ಗೋರಿಯ ಚಿನ್ನ, ಹೆಣ್ಣಿನ ಬೆತ್ತಲೆ ಮೈ. ಗೋರಿ ತೋಡಿದ ಕೂಲಿಯವನು ಅಲ್ಲಿ ಬಾಯಿಲ್ಲದ ಗುಲಾಮ. ನಿಜ ಬೇರೇನೇ ಇದೆ. ಕ್ರಿ.ಪೂ. 1157ರ ಸುಮಾರಿಗೆ ದೇರ್ ಎಲ್ ಮದೀನಾದ ಗೋರಿ ಕೆಲಸಗಾರರು ಕೂಲಿಯ ಕಾಳು ಬರಲಿಲ್ಲವೆಂದು ಕೆಲಸ ಬಿಟ್ಟು ಕೂತರು. ದಾಖಲೆಯಲ್ಲಿ ಉಳಿದ ಮೊದಲ ಮುಷ್ಕರ ಅದು.

ಅದೇ ಚಿನ್ನದ ಕಥೆ ನಮ್ಮ ಕೋಲಾರಕ್ಕೂ ಬಂತು. 2018ರ 'ಕೆ.ಜಿ.ಎಫ್.' ಸಿನಿಮಾದಲ್ಲೂ ಗಣಿಯವರು ಗುಲಾಮರು. ಬಿಡಿಸೋಕೆ ಹೊರಗಿನ ವೀರನೇ ಬರಬೇಕು. ಆದರೆ 1930ರಲ್ಲಿ ಬೆರಳಚ್ಚು ಕೊಡೋದಿಲ್ಲವೆಂದು ಮುಷ್ಕರ ಹೂಡಿದವರು, ಬಹುಪಾಲು ದಲಿತರೇ ಆಗಿದ್ದ ಇಲ್ಲಿನ ಗಣಿ ಕಾರ್ಮಿಕರು. ಯಾವ ವೀರನಿಗೂ ಅವರು ಕಾಯಲಿಲ್ಲ.

2001ರಲ್ಲಿ ಗಣಿ ಮುಚ್ಚಿತು. ಅವರ ಮಕ್ಕಳು ಬಂಗಾರಪೇಟೆ ದಾಟಿ ರೈಲಲ್ಲಿ ಬೆಂಗಳೂರಿಗೆ ದುಡಿಯೋಕೆ ಹೋಗ್ತಾರೆ. ಚಿನ್ನ ತೋರಿಸಿದ್ದು ಸಾಕು. ಅಗೆದ ಕೈ ತೋರಿಸಿ ಅಂತೀವಿ ನಾವು.